ಹಲಗಿ-ಬ್ಯಾಂಡಿನ ಜೋಡಿ ಕ್ಯಾಸೆಟ್

...ಏಳಬ್ಯಾಡ, ಏಳಬ್ಯಾಡ. ಮಕ್ಕೊಂಡ ಕೇಳು ರಹಿಮಾನ. ದವಡಿಗೆ ತಂತಿ ಹಾಕಿ ಬಿಗದಾರಂತ, ತಿಂಗಳ ತನಕ ಮಾತಾಡಂಗಿಲ್ಲಂತ, ಫಾತಿಮಕ್ಕ ಬಾಗಲದಾಗ ಹೇಳಿದ್ಲು. ಗಂಜಿ ತರಾಕ ಹೋದ್ಲು ಪಾಪ. ಅತ್ತು ಅತ್ತು ನಿನ್ನ ಹೆಂಡ್ತಿ ಮುಖ ಬಾತೈತಿ. ನೀ ಸುಮ್ಮನಿರು. ಮಾತು ನಾನ ಆಡ್ತೀನಿ.

ಸಿಕ್ಕ, ಮಗ. ನಿನ್ನ ಬಾಯಿ ಒಡದವ ಸಿಕ್ಕ.

ಯಾಕ ಹಂಗ ನೋಡ್ತೀ? ಖರೆ ಹೇಳಾಕತ್ತೀನಿ. ನಮ್ಮ ಹುಲುಗೇಶ. ಹೂಂ, ನಮ್ಮ ಮೇಳದ ಹುಲುಗೇಶನ. ಹತ್ತು ವರ್ಷ ಈ ಮೈಲಪ್ಪನ ಬಾಜೂಕ ನಿಂತು ಹಲಗಿ ಬಡದಾನಲ್ಲ, ಅವನ. ನಾನ ಕೋಲು ಹಿಡಿಯಾಕ ಕಲಿಸಿದ್ದು ಆ ನನ್ನ ಮಗಗ.

ಇವತ್ತ ಮುಂಜಾನಿ ಮೊದಲ್ನೇ ಬಸ್ಸಿಗೆ ಅವನ ಊರು ಬಾಗಳಿಗೆ ಹೋದೆ. ದನಕ್ಕ ನೀರು ಕುಡಸಾಕತ್ತಿದ್ದ. ಕೊಳ್ಳಿಗೆ ಟವಲ್ ಹಾಕಿ ಎಳಕೊಂಡು ಹೋಗಿ ಕೊಟ್ಟಿಗ್ಯಾಗ ಕೆಡವಿದೆ. ಹೊಟ್ಟಿಗೆ ಒದ್ದೆ. ಹೇಳಲೇ, ಯಾಕ ಹೊಡದಿ ಅಂದೆ. ಬಾಯಿ ಬಿಡಲಿಲ್ಲ. ಮತ್ತ ಒದ್ದೆ. ಆಮ್ಯಾಲ ಅವನ ಬಲಗೈ ಎಳದು ಕಲ್ಲಿನ ಮ್ಯಾಲ ಇಟ್ಟು... ದನ ಕಟ್ಟೋ ಗೂಟ ಕಿತ್ತು... ಗುದ್ದಿದೆ. ಬೆರಳು ಕಟಕ್ ಅಂದ್ವು ರಹಿಮಾನ, ಸೌದಿ ಮುರದಂಗ. ಅವನ ಹೆಂಡ್ತಿ ನಾಗರತ್ನ ಓಡಿ ಬಂದು ನನ್ನ ಕಾಲಿಗೆ ಬಿದ್ಲು. ಆಕೀನೂ ಒದ್ದೆ. ಬಸುರಿ ಇದ್ದಾಳ... ಇರ್ಲಿ. ಕಡಿಗೆ ಒಪ್ಪಿಕೊಂಡ. ಹೂಂ ಗುರುವೇ, ನಾನ ಹೊಡದೆ ಅಂದ.

ನಿನ್ನ ಸಲುವಾಗಿ ಮಾಡೀನಿ ಇದೆಲ್ಲಾ. ಸಂತೋಷ ಆಗ್ಲಿಲ್ಲೇನು?

ಪೊಲೀಸ್ನೋರು ಹೊರಗ ಕುಂತಾರ. ಹಾಳಿ, ಪೆನ್ನು ಇಲ್ಲೇ ತಲಿದಿಂಬಿನ ಹತ್ರ ಇಟ್ಟಾರಲ್ಲ. ಒಂದ ಹೆಸರು ಬರಿ. ಹುಲುಗೇಶ, ಬಾಗಳಿ. ಅಷ್ಟ.

ತಲಿ ಯಾಕ ಅಲ್ಲಾಡಸ್ತೀ? ಕಾಣ್ಲಿಲ್ಲ ಅಂತೀಯಾ? ಕಾಣೂದು ಹೆಂಗ ಮಾರಾಯ, ನಾವು ಕ್ಯಾಸೆಟ್ ಮಾಡಾಕತ್ತಿದ್ದು ಮೆಕ್ಕಿಜ್ವಾಳದ ಗೋದಾಮಿನಾಗ. ಸಪ್ಪಳ ಹೊರಗಿಂದ ಬರಬಾರದಂತ ಆ ದಾವಣಗೆರಿ ರೆಕಾರ್ಡಿಂಗಿನವ, ಶಿವಶಂಕರ, ಕಿಟಕಿಗೆಲ್ಲ ಕೌದಿ ಹೊಡಸಿದ್ದ. ಕರೆಂಟ್ ಹೋತಂದ್ರ ಮಟಮಟ ಮಧ್ಯಾಹ್ನದಾಗ ನಮ್ಮ ಕೈ ನಮಗ ಕಾಣಂಗಿಲ್ಲ.

ನೆನಪ ಮಾಡಿಕೊ. ನಿಮ್ಮ ಬ್ಯಾಂಡಿನ ಹುಡುಗ್ರು, ಶಿವಶಂಕರ, ಎಲ್ಲಾರೂ ಊಟಕ್ಕ ಹೋದ್ರು. ಉಳಿದೋರು ಮೂರ ಮಂದಿ. ನೀನು ಬಾಗಲಾ ಹಾಕ್ಕೊಂಡು ಒಳಗ ಟ್ರಂಪೆಟ್ ಊದಿ ಊದಿ ನೋಡಾಕತ್ತಿದ್ದಿ. ಜ್ವಾಳದ ಚೀಲದ ಹಿಂದ ಒಬ್ಬ ಅಡ್ಡಾಗಿದ್ದ, ಅದು ನಿನಗೂ ಗೊತ್ತು, ಕೆಮ್ಮಿದ್ದು ಕೇಳಿರಬೇಕು. ಇನ್ನೊಬ್ಬ ಹೊರಗ ಅಂಗಳದಾಗ ಬೆಂಕಿ ಹಚ್ಚಿ ಹಲಗಿ ಕಾಸಾಕತ್ತಿದ್ದ. ಹೊರಗಿದ್ದವ ನಾನು. ಒಳಗಿದ್ದವ ಹುಲುಗೇಶ. ಲೆಕ್ಕ ಮುಗೀತು.

ಅವಂಗೇನು ಸಿಟ್ಟಿತ್ತು ಅಂತೀಯಾ?

ಇರೂದಿಲ್ಲೇನು ಸಿಟ್ಟು? ಹದಿನೆಂಟು ವರ್ಷ ರಹಿಮಾನ. ಹಡಗಲಿ, ಕೊಟ್ಟೂರು, ಕೂಡ್ಲಿಗಿ... ಎಷ್ಟು ಮದುವಿ ಮಾಡೀವಿ ನಾವಿಬ್ರೂ. ನಿಮ್ಮ ಬ್ಯಾಂಡು ಕೆಂಪ ಕೋಟು ಹಾಕ್ಕೊಂಡು ಮುಂದ. ನಾವು ಹಲಗಿಯವರು ಹಿಂದ, ಇಪ್ಪತ್ತು ಮಾರು ಹಿಂದ. ಊಟಕ್ಕೂ ಹಿಂದ. ಈ ಕ್ಯಾಸೆಟ್ನಾಗ ಹಂಗ ಆಗೂದಿಲ್ಲ ಮೈಲ, ಹಲಗಿ-ಬ್ಯಾಂಡು ಜೋಡಿ ನಿಲ್ತಾವು, ಮ್ಯಾಲಿನ ಫೋಟೋದಾಗೂ ಜೋಡಿ, ಅಂತ ನೀನ ನನ್ನ ಮನಿಗೆ ಬಂದು ಹೇಳಿದ್ದಿ. ನಮ್ಮ ಮನಿ ಚಾ ಕುಡದು ಹೇಳಿದ್ದಿ. ಅವತ್ತ ನಾನು ಊರ ತುಂಬಾ ಹೇಳಿಕೊಂಡು ತಿರಗ್ಯಾಡಿದೆ.

ಆಮ್ಯಾಲ ಏನಾತು? ಗೋದಾಮಿನಾಗ ಬೆಂಕಿ ಹಚ್ಚಂಗಿಲ್ಲ ಅಂದ್ರು. ಬೆಂಕಿ ಇಲ್ದ ಹಲಗಿ ಹೆಂಗ ನುಡೀತೈತಿ? ಹೊರಗ ಕಾಸಿ ಒಳಗ ತರೂದ್ರಾಗ ಚರ್ಮ ತಣ್ಣಗಾಗಿ ಸಡ್ಲ ಬೀಳ್ತಿತ್ತು. ಶಿವಶಂಕರ ಟೇಪ್ ತಿರುಗಿಸಿ ಕೇಳಿಸಿದ. ನಿನ್ನ ಟ್ರಂಪೆಟ್ ಗಣಗಣ ಅಂತೈತಿ. ನನ್ನ ಹಲಗಿ... ಹಸೀ ಗೋಣಿಚೀಲ ಬಡದಂಗ. ಎಲ್ಲಾರೂ ನಕ್ರು. ನೀನೂ ನಕ್ಕಿ. ಹಲಗಿ ಸ್ವಲ್ಪ ಹಿಂದ ಇಡೋಣಪ್ಪ, ಸಣ್ಣಗ ಕೇಳ್ಲಿ ಸಾಕು, ಅಂದಿ.

ಹಿಂದ ಇಡೋಣ ಅಂದಿ.

...ಅವಂಗ ಸಿಟ್ಟು ಬಂದಿರಬೇಕು ಅದಕ್ಕ. ಹುಲುಗೇಶಗ. ಕರೆಂಟ್ ಹೋತು, ನೀನು ಊದೂದು ಬಿಡಲಿಲ್ಲ, ಕತ್ತಲದಾಗ ಅದ ಗಣಗಣ... ಎದ್ದಾನ, ಆ ಸಪ್ಪಳ ಎಲ್ಲಿಂದ ಬರ್ತೈತೋ ಅಲ್ಲಿಗೆ ಬೀಸ್ಯಾನ. ಟ್ರಂಪೆಟ್ ಬಾಯಾಗ ಇರೂವಾಗನ ಹೊಡತ ಬಿದ್ದೈತಿ, ಅದಕ್ಕ ಹಲ್ಲು ಒಳಗ ಮುರದಾವು. ಬರಿ ಈಗ. ಹಿಡಿ ಪೆನ್ನು.

ಯಾಕ? ಪೆನ್ನು ಬಿಟ್ಟು ನನ್ನ ಕೈ ಯಾಕ ಹಿಡಕೊಂಡಿ?

ಬಿಡೋ. ಅಂಗೈ ತಿರುವಿ ಏನ ನೋಡ್ತೀ? ಬೆರಳ ತುದಿ ಏನ ನೋಡ್ತೀ? ಬೆಂಕಿ ಹತ್ರ ಇದ್ದೆ ಅಂದ್ರ ಕೈ ಸುಟ್ಟಿರಬೇಕಂತೈತೇನು? ಹುಷಾರಿಂದ ಕಾಸಿದೆ. ಬಿಡು ಕೈ. ಬಿಡ್ತೀಯೋ, ಇಲ್ಲಾ ಉಳಿದ ಹಲ್ಲೂ ಉದುರಸ್ಲೇನು?

...ಹಂಗ ನೋಡಬ್ಯಾಡ ನನ್ನ.

ಹೂಂ. ಗೊತ್ತೈತಿ ನಿನಗ. ಹದಿನೆಂಟು ವರ್ಷ ನೋಡೀಯಲ್ಲ. ಮೇಳದ ಗುರು ತನ್ನ ಹಲಗಿ ತಾನು ಕಾಸೂದಿಲ್ಲ. ಶಿಷ್ಯ ಕಾಸಿ ತಂದು ಕೈಯಾಗ ಕೊಡಬೇಕು, ಗುರು ಒಂದ್ಸಲ ಬಡದು ನೋಡಿ ಕೊಳ್ಳಾಗ ಹಾಕ್ಕೊಬೇಕು. ನಮ್ಮಪ್ಪನೂ ಕಾಸಲಿಲ್ಲ, ನಾನೂ ಕಾಸಲಿಲ್ಲ. ಎಂದೂ ಕಾಸಲಿಲ್ಲ ನಾನು. ಸುಳ್ಳು ಹೇಳೂವಾಗ ಅದೊಂದು ನೆನಪ ಬರಲಿಲ್ಲ ನೋಡು ನನಗ.

ಪೊಲೀಸ್ನೋರಿಗೆ ಗೊತ್ತಾಗೂ ಮಾತಲ್ಲ ಇದು. ನಿನಗೊಬ್ಬಗ ಗೊತ್ತು.

ಚೀಲದ ಹಿಂದ ಇದ್ದವ ನಾನು. ಅಳಾಕತ್ತಿದ್ದೆ ಅಲ್ಲಿ. ಕೆಮ್ಮು ಅಲ್ಲ ಅದು. ನಕ್ಕಿಯಲ್ಲ ನೀನು, ಶಿವಶಂಕರ ನಕ್ರ ನಗ್ಲಿ ಬಿಡು, ನೀನು ನಕ್ಕಿ. ಒಂದ ಏಟು ಅಂತ ಮಾಡಿದ್ದೆ. ಆ ಟ್ರಂಪೆಟ್ ಒಂದು ಸುಮ್ಮನಾದ್ರ ಸಾಕಿತ್ತು. ನೀನು ಕೆಳಗ ಬಿದ್ಮ್ಯಾಲೂ ಕೈ ನಿಲ್ಲಲಿಲ್ಲ... ಇನ್ನ ನೀನು ಊದೂದಿಲ್ಲಂತಲ್ಲ. ಡಾಕ್ಟ್ರು ಹೇಳ್ಯಾರಂತ.

ಬರಿ. ಮೈಲಪ್ಪ ಅಂತ ಬರಿ. ಯಾಕ ಬರೀವಲ್ಲಿ? ಏನ ಕೇಳ್ತೀ ಇನ್ನ, ಹಂಗ ಬಾಗಲದ ಕಡಿ ಕೈ ತೋರಿಸಿ? ಹುಲುಗೇಶನ್ನೇನು?

ಅವ ಹೊರಗಿದ್ದ. ಒಳಗ ಯಾರಿದ್ರಂತ ಅವಂಗ ಮೊದಲ ದಿನನ ಗೊತ್ತು. ಎರಡು ದಿನ ಯಾರ ಮುಂದೂ ಬಾಯಿ ಬಿಡಲಿಲ್ಲ. ಇವತ್ತಿಲ್ಲಾ ನಾಳಿ ಬಿಟ್ಟಾನಂತ ಹೆದರಿ ಹೋದೆ ನಾನು ಬಾಗಳಿಗೆ. ನಿನ್ನ ಸಲುವಾಗಿ ಅಲ್ಲ. ಕಲ್ಲಿನ ಮ್ಯಾಲ ಕೈ ಇಟ್ಟಾಗ ಎಳಕೊಳ್ಳಲೂ ಇಲ್ಲ ಅವ. ನನ್ನ ಮುಖ ನೋಡಿದ, ಅವನ ಬಾಯಿಂದ ಏನ ಹೇಳಸಾಕ ಬಂದೀನಿ ಅಂತ ತಿಳಕೊಂಡ, ಹೂಂ ಗುರುವೇ, ನಾನ ಹೊಡದೆ ಅಂದ. ಅವಾಗಿನ್ನೂ ಅವನ ಬೆರಳು ನೆಟ್ಟಗಿದ್ವು ರಹಿಮಾನ.

ಗೂಟ ಬೀಸಿದ್ದು ಆಮ್ಯಾಲ.