ಹಿಂದಿನ ಸೀಟಿನ ಅಕ್ಕಯ್ಯಮ್ಮ

ಅವರೆಕಾಯಿ ಸೊಗಡಿನ ವಾಸನೆ ಎಲ್ಲಿ ಬಂದರೂ ಶ್ರೀವಲ್ಲಿಗೆ ಬಾಲ್ಯದ ಶಿಡ್ಲಘಟ್ಟ ನೆನಪಾಗುತ್ತಿತ್ತು. ಕಾಯಿ ಸುಲಿದು ಅಂಟಂಟಾದ ಬೆರಳುಗಳನ್ನು ಅವಳು ಮಲಗುವಾಗಲೂ ಮೂಗಿನ ಹತ್ತಿರ ಇಟ್ಟುಕೊಳ್ಳುತ್ತಿದ್ದಳು. ಆ ಭಾನುವಾರ ಅದೇ ವಾಸನೆ ಅಂಬಾಜಿದುರ್ಗದ ಕೆಳಗಿನ ಕೆರೆ ಏರಿಯ ಮೇಲೆ, ದೋಣಿ ಇಡುವ ಶೆಡ್ಡಿನಲ್ಲಿ ತುಂಬಿಕೊಂಡಿತ್ತು. ಹೊರಗೆ ಸೈಕ್ಲೋನ್ ಮಳೆ. ಕಾಲುವೆ ಹಿಡಿದು ಮೂರು ಕೆರೆ ಸುತ್ತಿಸುವ ಹೊಸ ದೋಣಿ ದಾರಿಯಲ್ಲಿ ಹುಟ್ಟು ಹಾಕಲೆಂದು ಬಂದವಳು ಮಳೆಗೆ ಸಿಕ್ಕಿಬಿದ್ದಿದ್ದಳು. ದೋಣಿ ನೋಡಿಕೊಳ್ಳುವ ಬೀರೇಶ ಇದ್ದ ಒಂದೇ ಒಣ ಟವೆಲನ್ನು ಅವಳಿಗೆ ಕೊಟ್ಟು ತಾನು ಒದ್ದೆ ಅಂಗಿಯಲ್ಲೇ ನಿಂತಿದ್ದ. ಪಕ್ಕದ ಮನೆಯ ಮುದುಕಿ ಕದಿರಮ್ಮ ಮೂಲೆಯಲ್ಲಿ ಅವರೆಕಾಳು ಹಿತುಕುತ್ತಿದ್ದರು.

"ಒಂಟಿ ದೋಣಿ ಎಲ್ಲಾ ಬೆಳಗ್ಗೆನೇ ಕಾಲೇಜು ಹುಡುಗ್ರು ತಗೊಂಡೋದ್ರು ಮೇಡಂ. ಇರೋದು ಇದೊಂದೇ, ಇಬ್ಬರು ಕೂರೋದು."

"ಹಾಗಾದ್ರೆ ನೀವೂ ಬನ್ನಿ."

"ನಾನಾ? ನಂಗಿನ್ನೂ ಮದ್ವೆನೂ ಆಗಿಲ್ಲ, ಈಗ್ಲೇ ಸಾಯೋಕಾಗಲ್ಲ ಮೇಡಂ!"

ಕದಿರಮ್ಮ ನಕ್ಕರು. "ಪುಕ್ಕಲ! ಕೂತ್ಕೊಳಮ್ಮ, ಯಾಕೆ ಹೆದರ್ತಾನೆ ಅಂತ ನಾನು ಹೇಳ್ತೀನಿ.

"ಈ ಕೆರೆ ವರ್ಷಾನುಗಟ್ಲೆ ಬತ್ತಿ ಬಾಯಿ ಬಿಟ್ಕೊಂಡಿತ್ತು ಕಣಮ್ಮ, ಹುಡುಗ್ರು ಇದರೊಳಗೆ ಕ್ರಿಕೆಟ್ ಆಡೋರು, ನಮ್ಮತ್ತಿಗೆ ಅಕ್ಕಯ್ಯಮ್ಮ ದಿನಾ ಮಧ್ಯಾಹ್ನ ಇದರ ನಡುವೇನೇ ನಡ್ಕೊಂಡೋಗಿ ಆಚೆ ತೋಟದಲ್ಲಿರೋ ನಮ್ಮಣ್ಣ ಮುನಿವೆಂಕಟಪ್ಪಂಗೆ ಬುತ್ತಿ ಕೊಟ್ಟು ಬರೋಳು... ಅವಳು ತೀರ್ಕೊಂಡ್ಲು. ಆ ವರ್ಷಾನೇ ಬಂತು ನೋಡು ಮಳೆ, ಕೆರೆ ಕೋಡಿ ಹೋಯ್ತು! ಊರೆಲ್ಲ ಬಾಗಿನ ಬಿಟ್ಟು ಕುಣೀತು. ಆದ್ರೆ ಅವಳ ದಾರಿ? ನೀರೊಳಗೆ ಹೋಯ್ತಲ್ಲ... ನೀರು ಕಂಡ್ರೆ ಅವಳಿಗೆ ಜೀವಭಯ. ಸತ್ತ ಮೇಲೂ ಪಾಪ, ಏರಿ ಮೇಲೆ ನಿಂತು ಎಷ್ಟು ದಿನ ಕಾಯ್ತಾಳೆ?

"ನಮ್ಮಣ್ಣನೋ ಮೊಂಡ. ನಾನು ಬುತ್ತೀನ ರಸ್ತೇಲಿ ಬಳಸಿ ಕಳಿಸಿದ್ರೆ, ಮುದ್ದೆ ಆರೋಗಿದೆ ಅಂತ ವಾಪಸ್ ಕಳಿಸೋನು. ಸಕ್ಕರೆ ಕಾಯಿಲೆ ಬೇರೆ, ಹಸಿದು ತಲೆ ತಿರುಗಿ ಬಿದ್ದೂ ಬಿದ್ದ. ಈ ದೋಣಿ ಬಂದ್ಮೇಲೆ ಬೀರೇಶ, ಯಾರೂ ಕೇಳ್ದೇನೆ, ಬುತ್ತೀನ ಹಿಂದಿನ ಸೀಟಲ್ಲಿಟ್ಕೊಂಡು ತಲುಪಿಸ್ತಿದ್ದ. ಹೋದ ವಾರ ನಡುನೀರಲ್ಲಿ... ದೋಣಿ ಹಿಂಭಾರ ಆಯ್ತು. ಹಿಂದೆ 'ಟಕ್' ಅಂತು. ತಿರುಗಿ ನೋಡ್ತಾನೆ, ಲೈಫ್ ಜಾಕೆಟ್ಟು ಉಬ್ಬಿ ಕೂತಿದೆ, ಬಕಲ್ಲು ಹಾಕಿದೆ, ಒಳಗೆ ಯಾರೂ ಇಲ್ಲ! ಸತ್ತೋಳಿಗೆ ಮುಳುಗೋ ಭಯ ಯಾಕೆ ಅಂತೀಯಾ? ಜೀವಮಾನದ ಭಯ, ಜೀವ ಹೋದ ತಕ್ಷಣ ಬಿಟ್ಟೋಗುತ್ತಾ? ಆಮೇಲೆ ಕಿವಿ ಹತ್ರ... ಹೆದರಿದ್ರೆ ನಮ್ಮತ್ತಿಗೇಗೆ ತೆಲುಗು ಬಂದ್ಬಿಡೋದು... 'ಮೆಲ್ಲಗಾ ನಾಯನಾ, ಮೆಲ್ಲಗಾ! ಸಾರು ಚೆಲ್ಲುತ್ತೆ!'"

"ಸಾರು ಚೆಲ್ಲಲಿಲ್ಲ," ಎಂದ ಬೀರೇಶ, ಗೋಡೆ ನೋಡುತ್ತ. "ನಾನೇ ನೀರಿಗೆ ಬಿದ್ದೆ."

"ಬಿದ್ದು, ಈಜಿ, ಚಿಂತಾಮಣಿ ಬಸ್ ಹತ್ತಿದ್ಮೇಲೇನೇ ತಿರುಗಿ ನೋಡಿದ್ದು! ಜಾಕೆಟ್ಟೂ ಬಿಚ್ಚಿರಲಿಲ್ಲ. ಕಂಡಕ್ಟರು 'ಎಲ್ಲಪ್ಪಾ ಪ್ರವಾಹ?' ಅಂದ್ನಂತೆ."

"ದೋಣಿ?" ಎಂದಳು ಶ್ರೀವಲ್ಲಿ.

"ಗಾಳಿಗೆ ಈ ಕಡೆಗೇ ವಾಪಸ್ ಬಂತು. ಅತ್ತಿಗೇಗೆ ಹುಟ್ಟು ಹಾಕೋಕೆ ಬರಲ್ವಲ್ಲ..." ಕದಿರಮ್ಮನ ಕೈ ನಿಂತಿತು. "ಅವತ್ತಿಂದ ನಮ್ಮಣ್ಣ ಮಧ್ಯಾಹ್ನದ ಊಟ ಕಂಡಿಲ್ಲ ಕಣಮ್ಮ."

ಮಳೆ ತೆಳುವಾಗಿತ್ತು. ಆಚೆ ದಡದಲ್ಲಿ ಕಪ್ಪು ಕೊಡೆಯೊಂದು ಒಂದೇ ಕಡೆ ನಿಂತಿತ್ತು. ಶ್ರೀವಲ್ಲಿಗೆ ದೆವ್ವದ ಮೇಲೆ ನಂಬಿಕೆ ಇರಲಿಲ್ಲ; ಸಕ್ಕರೆ ಕಾಯಿಲೆಯವರ ಹಸಿವಿನ ಮೇಲೆ ಇತ್ತು.

"ಬುತ್ತಿ ಕಟ್ಟಿ. ನಾನು ಕೊಟ್ಟು ಬರ್ತೀನಿ."

ಬಿಸಿ ಮುದ್ದೆ, ಹಿತುಕಿದ ಬೇಳೆ ಸಾರು ಬಟ್ಟೆಯಲ್ಲಿ ಗಂಟಾಗಿ ಹಿಂದಿನ ಸೀಟಿಗೆ ಬಂದವು. ಬೀರೇಶ ದೋಣಿಯನ್ನು ಅಲುಗದಂತೆ ಹಿಡಿದು ಅವಳನ್ನು ಮುಂದೆ ಕೂರಿಸಿದ.

"ಹಿಂದಿನ ಸೀಟಿನ ಜಾಕೆಟ್ ಇಲ್ಲೇ ಬಿಟ್ಟು ಹೋಗ್ಲಾ ಅಮ್ಮ?" ಎಂದಳು ಶ್ರೀವಲ್ಲಿ.

"ಬೇಡ ತಾಯಿ," ಎಂದರು ಕದಿರಮ್ಮ ಮೆಲ್ಲಗೆ. "ಅವಳಿಗೆ ಬೇಕಾಗುತ್ತೆ."

ನಡುನೀರಿನಲ್ಲಿ ದೋಣಿ ಯಾಕೋ ಭಾರವಾಯಿತು. ಶ್ರೀವಲ್ಲಿ ತಿರುಗಿ ನೋಡಲಿಲ್ಲ. ಹುಟ್ಟನ್ನು ಮಾತ್ರ, ತನಗೇ ತಿಳಿಯದಂತೆ, ನಿಧಾನವಾಗಿ ಹಾಕತೊಡಗಿದಳು.

ಮುನಿವೆಂಕಟಪ್ಪ ಕೊಡೆ ಮಡಚಿ ಮೊಣಕಾಲುದ್ದ ನೀರಿಗೆ ಇಳಿದು ಬಂದ. ಅವನ ಕಣ್ಣು ಶ್ರೀವಲ್ಲಿಯ ಮೇಲಿರಲಿಲ್ಲ. ಅವಳ ಭುಜದಾಚೆ ಇತ್ತು.

"ಇಷ್ಟೊತ್ತೇನೇ?" ಎಂದು ಗದರಿದ, ಮುಖವೆಲ್ಲ ನಗುತ್ತ.

ಅವಳು ಬುತ್ತಿಗೆಂದು ತಿರುಗುವ ಮೊದಲೇ, ಹಸಿರು ಬಳೆಯ ಕೈಯೊಂದು ಅವಳ ಪಕ್ಕದಿಂದ ಚಾಚಿ, ಗಂಟನ್ನು ಸದ್ದಿಲ್ಲದೆ ಅವನ ಕೈಗಿಟ್ಟಿತು.