ಹಿಂದಿಯಲ್ಲಿ ಅಳದ ತಾಯಿ

ಕನ್ನಡ ಸಿನಿಮಾದಲ್ಲಿ ತಾಯಿಯ ಪಾತ್ರ ಮಾಡಿದ್ದ ನಟಿಗೆ ಹಿಂದಿ ಬರುತ್ತಿರಲಿಲ್ಲ. ಡಬ್ಬಿಂಗ್ ಸ್ಟುಡಿಯೋದ ಹೊರಗಿನ ಬೆಂಚಿನ ಮೇಲೆ, ಬೇರೊಂದು ಪಾತ್ರದ ಡಬ್ಬಿಂಗಿಗೆ ಕಾಯುತ್ತಿದ್ದ ನನ್ನ ಪಕ್ಕದಲ್ಲೇ, ಅವರು ಸಹಾಯಕ ನಿರ್ದೇಶಕನನ್ನು ಹಿಡಿದು ಕೂರಿಸಿಕೊಂಡಿದ್ದರು.

“ಹಿಂದಿ ಬರದಿದ್ರೂ ಅಳು ಗೊತ್ತಾಗುತ್ತೆ ಕಣೋ. ಒಳಗೆ ದನಿ ಕೊಡೋ ಆ ಹುಡುಗಿ ನನ್ನ ಪಾತ್ರಕ್ಕೆ ಯಾಕೆ ಅಳ್ತಿದಾಳೆ?”

“ವಿತರಕರು ಹೇಳಿದ್ದಮ್ಮ. ತಾಯಿ ಮಗನನ್ನ ಮನೆಯಿಂದ ಆಚೆ ಹಾಕಿದ್ರೆ ಉತ್ತರದ ಕಡೆ ಸಿನಿಮಾ ಓಡಲ್ವಂತೆ. ಅತ್ತು ಬೇಡ್ಕೋಬೇಕಂತೆ.”

“ಹೆಂಡ್ತಿಗೆ ಹೊಡೆದು ಬಂದವನನ್ನ ಬೇಡ್ಕೋಬೇಕಾ? ಅಲ್ಲಿಯ ಅತ್ತೆ ಸೊಸೆಯರನ್ನ ಕೇಳಿದಾರಾ ನಿಮ್ಮ ವಿತರಕರು?”

“ನಂಗೇನ್ ಗೊತ್ತಮ್ಮ.”

“ಮುಖ ಕೆಂಡ ಕಾರ್ತಿದೆ, ದನಿ ಗೋಳಾಡ್ತಿದೆ. ನೋಡೋರೇನು ಕುರುಡರಾ?”

“ಅದಕ್ಕೇ ನಿಮ್ಮನ್ನ ಕರೆಸಿದ್ದು. ಅಳೋ ಹಾಗೆ ಒಂದೇ ಒಂದು ಕ್ಲೋಸಪ್ ಕೊಟ್ಬಿಡಿ. ಗ್ಲಿಸರಿನ್ ತಂದಿದೀನಿ.”

“ನಿನ್ನ ಕಣ್ಣಿಗೇ ಹಾಕ್ಕೋ.”

“ಒಪ್ಪದಿದ್ರೆ ಇಡೀ ದೃಶ್ಯ ಎತ್ತಿಬಿಡ್ತಾರೆ.”

“ಎತ್ತಲಿ. ಹೊಡೆದವನ ಕಾಲು ಹಿಡಿಯೋಕಿಂತ ನಾನು ಇಲ್ದೇ ಇರೋದೇ ವಾಸಿ.”

“ಸಿನಿಮಾದಲ್ಲಿ ನಿಮಗಿರೋದೇ ಅದೊಂದು ದೃಶ್ಯ, ಅಮ್ಮ.”

“ನಂಗೊತ್ತಿಲ್ವೇನೋ? ಹೋಗಿ ಹೇಳು.”

ಆಕೆ ಚೀಲವನ್ನು ಹೆಗಲಿಗೇರಿಸಿ ಮೆಟ್ಟಿಲಿಳಿದರು. ಅವನು ಗ್ಲಿಸರಿನ್ ಸೀಸೆಯನ್ನು ಜೇಬಿಗೆ ಹಾಕಿಕೊಂಡು ಒಳಗೆ ಹೋದ.

ಆ ಸಿನಿಮಾ ಹಿಂದಿಯಲ್ಲಿ ನಾಲ್ಕು ನಿಮಿಷ ಕಡಿಮೆ ಇದೆ.