ಜೀಪಿನ ಸಣ್ಣ ಲಿವರ್

ಗಂಡಸಿಯಲ್ಲಿ ಬಸ್ಸಿಗೆ ಕಾಯುತ್ತಿದ್ದ ವಿಶಾಲಾಕ್ಷಿ ಟೀಚರ್ ಪಕ್ಕದಲ್ಲೇ ರುದ್ರೇಶನೂ ಅವನ ಗೆಳೆಯ ಪುಟ್ಟರಾಜನೂ ಜೀಪಿಗೆ ಒರಗಿಕೊಂಡು ಟೀ ಕುಡಿಯುತ್ತಿದ್ದರು.

“ಹೆಣ್ಣು ನೋಡಕ್ಕೋದಾಗ ಜೀಪು ತೆವಳ್ತಂತಲ್ಲ, ಯಾಕ್ಲಾ?” ಎಂದ ಪುಟ್ಟರಾಜ.

“ಅವತ್ತು ಬೆಳಿಗ್ಗೆ ಕೆಸರಲ್ಲಿ ಹೂತಿದ್ದ ಕಾಯಿ ಟ್ರಾಕ್ಟರ್ ಎಳೆಯಕ್ಕೆ ಗೇರ್ ಪಕ್ಕದ ಸಣ್ಣ ಲಿವರ್‌ನ ಫೋರ್‌ವೀಲ್ ಲೋಗೆ ಹಾಕಿದ್ದೆ. ಅದ್ರಲ್ಲಿ ಎಳೆತ ಜಾಸ್ತಿ, ಓಟ ಇಲ್ಲ. ವಾಪಸ್ ತೆಗೆಯೋದು ಮರ್ತೆ.”

“ಹಳೇಬೀಡು ತನಕ ಹಂಗೇನಾ?”

“ಹೂಂ. ಇಂಜಿನ್ ಬಡ್ಕೊತಿತ್ತು, ಸೈಕಲ್ನೋರು ಮುಂದೆ ಹೋದ್ರು.”

“ಹುಡುಗಿ ಅಪ್ಪ ಏನಂದ್ರು?”

“ಹುಡುಗ ಬಾಳ ನಿಧಾನಸ್ಥ, ಇವನಿಗೇ ಕೊಡ್ತೀನಿ ಅಂದ್ರು.”

ಟೀಚರ್ ಸೆರಗನ್ನು ಬಾಯಿಗೆ ಒತ್ತಿಕೊಂಡರು.

“ಇವತ್ತು ನಿಶ್ಚಿತಾರ್ಥಕ್ಕೆ ಹೆಂಗೆ ಹೋಗ್ತೀಯ?” ಎಂದ ಪುಟ್ಟರಾಜ.

ರುದ್ರೇಶ ಲೋಟ ಇಟ್ಟು ಜೀಪು ಹತ್ತಿದ. ಸಣ್ಣ ಲಿವರ್ ಎಳೆದು ಮತ್ತೆ ಲೋಗೆ ಹಾಕಿದ.

“ತಾಳಿ ಕಟ್ಟೋಗಂಟ ಹಿಂಗೇ ಕಣ್ಲಾ.”

ಜೀಪು ಗುಡುಗುತ್ತ ಹೊರಟಿತು. ಮೇವಿನ ಹೊರೆ ಹೊತ್ತ ಅಜ್ಜಿಯೊಬ್ಬಳು ಅದನ್ನು ದಾಟಿ ಮುಂದೆ ನಡೆದಳು.